ಉಸ್ತಿನ್ಯಾಳ ಬೆನ್ನ ಹಿಂದಿನ ಜಾಗ

ಲೆನಿನ್‌ಗ್ರಾಡ್
12 ಜನವರಿ 1974

ಪ್ರೀತಿಯ ಅಕ್ಕ ಗ್ಲಾಫಿರಾ,

ಎರಡು ವರ್ಷ ಸುಮ್ಮನಿದ್ದ ತಮ್ಮ ಇದ್ದಕ್ಕಿದ್ದಂತೆ ಕಾಗದ ಬರೆದಿದ್ದಾನೆಂದರೆ ಏನೋ ಕೆಲಸ ಬಿದ್ದಿರಬೇಕು ಎಂದು ಲಕೋಟೆ ಒಡೆಯುವ ಮೊದಲೇ ಅಂದುಕೊಂಡಿರುತ್ತೀಯ. ಸರಿಯಾಗಿಯೇ ಅಂದುಕೊಂಡಿದ್ದೀಯ.

ಸ್ಟುಡಿಯೋದವರು ನನ್ನ ಚಿತ್ರಕಥೆಗೆ ಒಪ್ಪಿದ್ದಾರೆ. ಹನ್ನೊಂದು ವರ್ಷ ಹಾಲಿನ ಡೇರಿಯ ಸಾಧನೆ, ರೈಲು ಹಳಿ ದಾಟುವ ಬಗೆ ಅಂತ ಕಿರುಚಿತ್ರಗಳನ್ನು ಬರೆದು ಸವೆದವನಿಗೆ ಇದೇ ಮೊದಲ ದೊಡ್ಡ ಚಿತ್ರ. ಪೀಟರ್ ಚಕ್ರವರ್ತಿಯ ಕಾಲ, 1701. ಸ್ವೀಡನ್ನಿನವರ ಮುಂದೆ ಸೋತು ಫಿರಂಗಿಗಳನ್ನೆಲ್ಲ ಕಳೆದುಕೊಂಡು ಬಂದು, ಚರ್ಚಿನ ಗಂಟೆಗಳನ್ನು ಇಳಿಸಿ ಕರಗಿಸಿ ಎಂದನಲ್ಲ, ಆ ವರ್ಷ. ನನ್ನ ಕಥೆಯಲ್ಲಿ ಉತ್ತರದ ಒಂದು ಸಣ್ಣ ಊರಿನವರು ಗಂಟೆಯನ್ನು ಸರೋವರದಲ್ಲಿ ಮುಳುಗಿಸಿ ಬಚ್ಚಿಡುತ್ತಾರೆ. ಯಾರೋ ಹೇಳಿಬಿಡುತ್ತಾರೆ. ಗಂಟೆ ಬಾರಿಸುವವನನ್ನು ಹಿಡಿದುಕೊಂಡು ಹೋಗುತ್ತಾರೆ. 1930ರಲ್ಲಿ ಸರಕಾರ ಚರ್ಚಿನ ಗಂಟೆಗಳನ್ನು ಇಳಿಸಿದಾಗ ಅಪ್ಪನಿಗೆ ಆದದ್ದನ್ನೇ ಇನ್ನೂರು ಚಿಲ್ಲರೆ ವರ್ಷ ಹಿಂದಕ್ಕೆ ತಳ್ಳಿದ್ದೇನೆ, ಅಷ್ಟೆ. ಊರಿನ ಹೆಸರು ಎಲ್ಲಿಯೂ ಹಾಕಿಲ್ಲ.

ಚರಿತ್ರೆಯನ್ನು ಚಿತ್ರಕ್ಕೆ ತರುವವರು ಸಾಮಾನ್ಯವಾಗಿ ಕುದುರೆ, ಬಾವುಟ, ಹೊಗೆ ತುಂಬುತ್ತಾರೆ. ನನಗೆ ಅದರಲ್ಲಿ ನಂಬಿಕೆಯಿಲ್ಲ. ನಮ್ಮ ದೇಶದ ಚರಿತ್ರೆಯ ಯಾವ ಪುಟ ತೆಗೆದರೂ ಅದು ಒಂದೇ ಒಂದು ಪ್ರಶ್ನೆಗೆ ಬಂದು ನಿಲ್ಲುತ್ತದೆ: ಯಾರು, ಯಾರಿಗೆ ಹೇಳಿದರು? ಆ ಒಂದು ಮುಖ ಸಿಕ್ಕರೆ ಚಿತ್ರ ತಾನಾಗಿ ನಡೆಯುತ್ತದೆ. ನನ್ನ ಕಥೆಯಲ್ಲಿ ಹೇಳಿದವರ ಮುಖ ಇನ್ನೂ ಸಿಕ್ಕಿಲ್ಲ.

ಈಗಲೂ ಬರೆಯುವ ಮೊದಲು ಅಡುಗೆಮನೆಯ ಮೇಜಿನ ಮೇಲೆ ಆಡಿ ನೋಡುತ್ತೇನೆ. ಉಪ್ಪಿನ ಡಬ್ಬಿ ಚಕ್ರವರ್ತಿ, ಚಮಚಗಳು ಸೈನಿಕರು. ನನ್ನ ಹೆಂಡತಿ ನೆಲ್ಲಿ, "ನಲವತ್ತೊಂಬತ್ತಾಯ್ತು, ಇನ್ನೂ ಪಾತ್ರೆ ಆಟ ಬಿಟ್ಟಿಲ್ಲ" ಎಂದು ಹಂಗಿಸುತ್ತಾಳೆ. ಏನು ಮಾಡಲಿ, ಚಿಕ್ಕಂದಿನ ರೂಢಿ. ನನ್ನ ಮೊಟ್ಟಮೊದಲ ನೆನಪೇ ಅದು. ನಾನೇನೋ ಆಡುತ್ತಿದ್ದೇನೆ, ದೊಡ್ಡ ಬೂಟು ಹಾಕಿದ ಗಂಡಸರು ನಗುತ್ತಾ ಚಪ್ಪಾಳೆ ತಟ್ಟುತ್ತಿದ್ದಾರೆ. ಅಪ್ಪನ ಸ್ನೇಹಿತರಿರಬೇಕು.

ನೀನು ಮ್ಯೂಸಿಯಂನಲ್ಲಿದ್ದೀಯ, ಹಳೆಯದೆಲ್ಲ ಗೊತ್ತು. ಅಷ್ಟು ಭಾರದ ಗಂಟೆಯನ್ನು ಮಂಜುಗಡ್ಡೆಯ ಕೆಳಗೆ ಸದ್ದಿಲ್ಲದೆ ಇಳಿಸುವುದು ಹೇಗೆ?

ನಿನ್ನ ತಮ್ಮ
ವಾಲ್ಯಾ


ತಿಖೋಜೆರ್ಸ್ಕ
30 ಜನವರಿ

ವಾಲ್ಯಾ,

ನಿನ್ನ ಲಕೋಟೆಯ ಅಂಟು ಎರಡು ಸಲ ಹಚ್ಚಿದ ಹಾಗಿತ್ತು. ನೀನೇ ಒಡೆದು ಮತ್ತೆ ಅಂಟಿಸಿದೆಯೋ, ನಮ್ಮ ಅಂಚೆಯವಳೋ, ಇನ್ನಾರೋ, ತಿಳಿಯದು. ಅಪ್ಪನ ವಿಷಯವನ್ನು ಕಾಗದದಲ್ಲಿ ಹೀಗೆ ಬಿಡಿಸಿ ಬರೆಯುತ್ತಾರೆಯೇ? ದೊಡ್ಡ ಊರು ಸೇರಿ ಬುದ್ಧಿಯನ್ನು ಅಲ್ಲೇ ಟ್ರಾಮಿನಲ್ಲಿ ಮರೆತಿದ್ದೀಯ.

ಕೇಳಿದ್ದಕ್ಕೆ ಉತ್ತರ: ಗಂಟೆಯ ನಾಲಿಗೆಗೆ ಕುರಿಚರ್ಮ ಸುತ್ತುತ್ತಾರೆ. ಹಗ್ಗ ಕಿರುಗುಟ್ಟದಿರಲು ಹಂದಿಕೊಬ್ಬು ಸವರುತ್ತಾರೆ. ಕೊರೆದ ಮಂಜನ್ನು ಮತ್ತೆ ಅಲ್ಲೇ ತುಂಬಿ ನೀರು ಹೊಯ್ದರೆ ಬೆಳಗಾಗುವಷ್ಟರಲ್ಲಿ ಗುರುತು ಸಿಗುವುದಿಲ್ಲ.

ಈಗ ನಾನು ಕೇಳುತ್ತೇನೆ. ಸಾವಿರ ವರ್ಷದ ಚರಿತ್ರೆಯಲ್ಲಿ ನಿನಗೆ ಇದೊಂದೇ ಸಿಕ್ಕಿತೆ? ಯಾರಾದರೂ ನಿನ್ನ ತಲೆಗೆ ಇದನ್ನು ತುಂಬಿದರೇನು? ಊರಿನವರು ಯಾರಾದರೂ ಲೆನಿನ್‌ಗ್ರಾಡಿನಲ್ಲಿ ಸಿಕ್ಕಿದ್ದರೇನು? ಆ ಬೂಟಿನ ಗಂಡಸರ ವಿಷಯ ಇಷ್ಟು ವರ್ಷ ನೀನು ಹೇಳಿದ್ದೇ ಇಲ್ಲ. ಅದರಲ್ಲಿ ನಿನಗೆ ಇನ್ನೇನು ನೆನಪಿದೆ? ನೆನಪಿರುವುದನ್ನಷ್ಟೇ ಬರೆ, ಸೇರಿಸಬೇಡ.

ನನ್ನ ಸಲಹೆ ಕೇಳುವುದಾದರೆ, ಹೇಳಿದವರು ಯಾರೂ ಬೇಡ. ಸೈನಿಕರೇ ಹುಡುಕಿದರು ಎಂದು ಬರೆದುಬಿಡು.

ಗ್ಲಾಫಿರಾ


ಲೆನಿನ್‌ಗ್ರಾಡ್
20 ಫೆಬ್ರವರಿ

ಅಕ್ಕ,

ಎಷ್ಟೊಂದು ಪ್ರಶ್ನೆ. ನೀನು ಮ್ಯೂಸಿಯಂನಲ್ಲಿದ್ದೀಯೋ, ಠಾಣೆಗೆ ಸೇರಿದ್ದೀಯೋ? ಬೂಟಿನ ಗಂಡಸರು ಚಪ್ಪಾಳೆ ತಟ್ಟಿದ್ದಷ್ಟೇ ನೆನಪು, ಮುಂದಕ್ಕೂ ಇಲ್ಲ, ಹಿಂದಕ್ಕೂ ಇಲ್ಲ. ಅದರಲ್ಲಿ ನಿನಗೇನು ಅಷ್ಟು ಕುತೂಹಲ?

ಹೇಳಿದವರ ಮುಖ ಸಿಕ್ಕಿತು. ಪುಟಗಳನ್ನು ಇದರ ಜೊತೆ ಇಟ್ಟಿದ್ದೇನೆ. ಒಬ್ಬ ವಿಧವೆ, ಚರ್ಚಿಗೆ ಪ್ರಸಾದದ ರೊಟ್ಟಿ ಬೇಯಿಸುವವಳು. ಅವಳ ಹಬೆ ಬಚ್ಚಲಿನ ಮರದ ಗುಡಿಸಲು ಸರೋವರದ ದಡದಲ್ಲೇ ಇದೆ. ಬಚ್ಚಲಿನ ಕಿಂಡಿಯಿಂದ ಎಲ್ಲವನ್ನೂ ನೋಡಿ ಮಾರನೆಯ ದಿನ ಅಧಿಕಾರಿಗೆ ಹೇಳುತ್ತಾಳೆ. ಹೌದು, ನಮ್ಮೂರ ಉಸ್ತಿನ್ಯಾ. ಹೆಸರು ಬದಲಾಯಿಸಿದ್ದೇನೆ. ಅವಳ ಬಚ್ಚಲಿನ ಎದುರೇ ಗಂಟೆ ಮುಳುಗಿಸಿದ್ದರು, ನೋಡಬಲ್ಲವಳು ಅವಳೊಬ್ಬಳೇ ಎಂದು ಊರೆಲ್ಲ ಹೇಳುತ್ತಿದ್ದದ್ದು ನಮಗೆ ಗೊತ್ತಿಲ್ಲವೆ?

ಗಾಬರಿಯಾಗಬೇಡ, ಈ ದೃಶ್ಯ ಚಿತ್ರದಲ್ಲಿ ಉಳಿಯುವುದಿಲ್ಲ. ನಮ್ಮ ಕಸುಬಿನಲ್ಲಿ ಒಂದು ಉಪಾಯವಿದೆ, ಅದಕ್ಕೆ ಬಿಳಿ ನಾಯಿ ಎನ್ನುತ್ತೇವೆ. ಚಿತ್ರಕಥೆ ಕಲಾಮಂಡಳಿಯ ಮುಂದೆ ಹೋಗುತ್ತದೆ. ಅಲ್ಲಿ ಕೂತವರು ಏನನ್ನೂ ಕತ್ತರಿಸದೆ ಏಳುವುದಿಲ್ಲ. ಕತ್ತರಿಸದಿದ್ದರೆ ಅವರ ಕುರ್ಚಿಗೆ ಅರ್ಥವೇನು? ಅದಕ್ಕೇ ಬರೆಯುವವನು ಬೇಕೆಂದೇ ಎದ್ದುಕಾಣುವ ಒಂದು ಅಸಂಬದ್ಧ ಬಿಳಿ ನಾಯಿಯನ್ನು ಕಥೆಯೊಳಗೆ ಬಿಡುತ್ತಾನೆ. "ಈ ನಾಯಿ ಯಾಕ್ರೀ? ತೆಗೀರಿ" ಎಂದು ಎಲ್ಲರೂ ಅದರ ಮೇಲೆ ಬೀಳುತ್ತಾರೆ. ನಾಯಿ ಹೋಗುತ್ತದೆ, ಉಳಿದದ್ದು ಬದುಕುತ್ತದೆ. ನನ್ನ ನಾಯಿ ಈ ವಿಧವೆ. ಬಡವಿಯೊಬ್ಬಳು ತನ್ನ ಜನರಿಗೇ ದ್ರೋಹ ಮಾಡುವುದನ್ನು ಅವರು ಒಪ್ಪುವುದೇ ಇಲ್ಲ. ಅದರ ಮರೆಯಲ್ಲಿ, ಗಂಟೆಯ ಗಾಡಿಯ ಹಿಂದೆ ಊರು ಅಳುತ್ತ ನಡೆಯುವುದು, ಅಪ್ಪನನ್ನು ಕರೆದೊಯ್ಯುವುದು, ಅವೆಲ್ಲ ದಾಟಿಕೊಳ್ಳುತ್ತವೆ.

ವಾಲ್ಯಾ


ತಿಖೋಜೆರ್ಸ್ಕ
6 ಮಾರ್ಚ್

ವಾಲೆರ್ಯಾನ್ ನಿಕಿಫೊರೊವಿಚ್,

ಹೀಗೆ ಪೂರ್ತಿ ಹೆಸರು ಹಿಡಿದು ಕರೆದರೆ ಸಿಟ್ಟು ಬಂದಿದೆ ಎಂದು ನಿನಗೆ ಗೊತ್ತಾಗುತ್ತದೆ.

ಉಸ್ತಿನ್ಯಾಳಿಗೆ ಈಗ ಎಪ್ಪತ್ತೈದು. ಬೆಳಿಗ್ಗೆ ರೊಟ್ಟಿ ಅಂಗಡಿಯ ಸಾಲಿಗೆ ಬರುತ್ತಾಳೆ. ನೀನು ಊರು ಬಿಟ್ಟು ಮೂವತ್ತು ವರ್ಷವಾಯಿತು, ಮರೆತಿರಬಹುದು, ನೆನಪಿಸುತ್ತೇನೆ. ಸಾಲಿನಲ್ಲಿ ಅವಳ ಬೆನ್ನ ಹಿಂದೆ ಯಾರೂ ನಿಲ್ಲುವುದಿಲ್ಲ. ಒಂದು ಆಳಿನ ಜಾಗ ಬಿಟ್ಟೇ ನಿಲ್ಲುತ್ತಾರೆ. ಹೊರಗೆ ಹಿಮಗಾಳಿ ಬೀಸಿ ಜನ ಒತ್ತಿಕೊಂಡು ನಿಂತಾಗಲೂ ಆ ಜಾಗ ಖಾಲಿ. ಯಾಕೆಂದು ತಿಳಿಯದ ಹೊಸ ಸೊಸೆಯರೂ ಅತ್ತೆಯರನ್ನು ನೋಡಿ ಹಾಗೇ ನಿಲ್ಲುವುದನ್ನು ಕಲಿತಿದ್ದಾರೆ. ಯುದ್ಧದ ಕಾಲದಲ್ಲಿ ಇಡೀ ಊರು ಹಸಿದಿತ್ತು, ಆಗಲೂ ಅವಳ ಕೈಯಿಂದ ಆಲೂಗೆಡ್ಡೆ ಯಾರೂ ತೆಗೆದುಕೊಳ್ಳಲಿಲ್ಲ.

ಇನ್ನು ನೀನು ಅವಳನ್ನು ಪರದೆಯ ಮೇಲೆ ತರುತ್ತೀಯ. ನಾಯಿ, ಉಪಾಯ, ಕಸುಬು ಅಂತ ನನಗೆ ಕಥೆ ಹೇಳಬೇಡ. ಅವರು ಕತ್ತರಿಸದಿದ್ದರೆ? ತೆಗೆದುಹಾಕು. ಅಪ್ಪನ ಮೇಲಾಣೆ.

ಗ್ಲಾಫಿರಾ


ಲೆನಿನ್‌ಗ್ರಾಡ್
25 ಮಾರ್ಚ್

ಅಕ್ಕ,

ನಿನ್ನ ಕಾಗದವನ್ನು ಮೂರು ಸಲ ಓದಿದೆ. ನನ್ನ ಕೆಲಸವೇ ಹಾಗೆ. ಯಾರಾದರೂ ಒಬ್ಬರ ಪರವಾಗಿ ಇಷ್ಟು ಜೋರಾಗಿ ಮಾತಾಡಿದರೆ ಅವರಿಗೇನು ಗೊತ್ತಿದೆ ಎಂದು ನೋಡಬೇಕಾಗುತ್ತದೆ.

ನೀನು ಎಂದೂ ಉಸ್ತಿನ್ಯಾಳನ್ನು ಬೈದವಳಲ್ಲ. ಊರೆಲ್ಲ ಬೈಯುವಾಗ ಸುಮ್ಮನಿದ್ದೆ. ಅಮ್ಮ ಕೂಡ. ಗಂಡನನ್ನು ಕಳೆದುಕೊಂಡವಳು, ಅದಕ್ಕೆ ಕಾರಣಳಾದವಳನ್ನು ಒಂದು ಮಾತಾದರೂ ಶಪಿಸಬೇಡವೆ? ನಾನು ಆ ವಿಷಯ ಎತ್ತಿದರೆ ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡು ಮಾತು ತಿರುಗಿಸುತ್ತಿದ್ದಿರಿ. "ಮಗು ಮುಂದೆ ಬೇಡ" ಎನ್ನುತ್ತಿದ್ದಳು ಅಮ್ಮ. ನನಗೆ ಇಪ್ಪತ್ತಾದಾಗಲೂ ಹಾಗೇ ಅಂದಳು.

ಆಗ ನಿನಗೆ ಹದಿನಾಲ್ಕು. ಕೊರಳಲ್ಲಿ ಪಕ್ಷದ ಕೆಂಪು ಸ್ಕಾರ್ಫ್ ಇತ್ತು, ಶಾಲೆಯ ದಳದ ಮುಂದೆ ನಡೆಯುತ್ತಿದ್ದವಳು ನೀನು. ನಿಮ್ಮ ಮನೆಯ ಸುದ್ದಿ ಹೇಳಿ ಎಂದು ಟೀಚರು ಕೇಳುತ್ತಿದ್ದ ಕಾಲ ಅದು. ನಾನು ತಪ್ಪು ತಿಳಿದಿದ್ದರೆ ಕ್ಷಮಿಸು. ಆದರೆ ಕೇಳದೆ ಇರಲಾರೆ. ಹೇಳಿದವಳು ನೀನೆ?

ಏಪ್ರಿಲ್ ಕೊನೆಯಲ್ಲಿ ಮಂಡಳಿ ಸೇರುತ್ತದೆ. ಅಷ್ಟರೊಳಗೆ ಉತ್ತರ ಬರೆ.

ವಾಲ್ಯಾ


(ಕೆಂಪು ಹೂಗಳ ಶುಭಾಶಯ ಪತ್ರ)

1 ಮೇ 1974

ಕಾರ್ಮಿಕರ ಹಬ್ಬದ ಶುಭಾಶಯಗಳು. ನಿನಗೂ ನೆಲ್ಲಿಗೂ ಆರೋಗ್ಯ, ಕೆಲಸದಲ್ಲಿ ಯಶಸ್ಸು.

ಹೇಳಿದ್ದು ನಾನಲ್ಲ. ಇನ್ನೊಮ್ಮೆ ಕೇಳಬೇಡ.

ಗ್ಲಾಫಿರಾ


ಲೆನಿನ್‌ಗ್ರಾಡ್
18 ಮೇ

ಅಕ್ಕ,

ನಿನ್ನ ಮಾತನ್ನು ನಂಬಿದೆನೋ ಇಲ್ಲವೋ, ನನಗೇ ಗೊತ್ತಿಲ್ಲ. ಅದಿರಲಿ. ಮಂಡಳಿ ಸೇರಿತು. ನಡೆದದ್ದನ್ನು ನಡೆದ ಹಾಗೆಯೇ ಹೇಳುತ್ತೇನೆ, ನಗಬೇಕೆನಿಸಿದರೆ ನಗು.

ಊರು ಅಳುತ್ತ ಗಾಡಿಯ ಹಿಂದೆ ನಡೆಯುವುದು: ಹೋಯಿತು. "ಜನ ಇಷ್ಟೊಂದು ಅಳ್ತಾರಾ? ದೇಶಕ್ಕೆ ಫಿರಂಗಿ ಬೇಕಿತ್ತಲ್ವಾ?" ಅಂದರು. ಗಂಟೆ ಬಾರಿಸುವವನನ್ನು ಕರೆದೊಯ್ಯುವುದು: ಹೋಯಿತು. ಚಕ್ರವರ್ತಿ ಕುಡಿದು ನಗುವುದು: ಹೋಯಿತು. ಕೊನೆಗೆ ಅಧ್ಯಕ್ಷರು ಕನ್ನಡಕ ತೆಗೆದು ಒರೆಸುತ್ತಾ, "ಆದ್ರೆ ಆ ರೊಟ್ಟಿಯವಳು ಮಾತ್ರ ಏನ್ ಪಾತ್ರ ಕಣಯ್ಯಾ. ಚರ್ಚಿನ ಜನ ಎಂಥವ್ರು ಅಂತ ಒಂದೇ ಏಟಿಗೆ ಗೊತ್ತಾಗುತ್ತೆ. ಅವಳನ್ನ ಇನ್ನೂ ಬೆಳಸು" ಎಂದರು.

ನಾಯಿಯೊಂದೇ ಉಳಿಯಿತು, ಅಕ್ಕ. ಮನೆಯೆಲ್ಲ ಹೋಯಿತು.

ಇನ್ನೊಂದು ವಿಷಯ ಹೇಳಲೇಬೇಕು. ಚಿತ್ರೀಕರಣದ ಜಾಗ ಹುಡುಕಲು ಹೋದವರು ತಿಖೋಜೆರ್ಸ್ಕದ ಫೋಟೋ ತಂದಿದ್ದಾರೆ. ನಾನು ಹೇಳಿಕೊಟ್ಟದ್ದಲ್ಲ, ನನ್ನನ್ನು ಅನುಮಾನಿಸಬೇಡ. ಆಗಸ್ಟಿನಲ್ಲಿ ಬರುತ್ತಾರೆ, ಮಂಜಿನ ದೃಶ್ಯಗಳಿಗೆ ಚಳಿಗಾಲದಲ್ಲಿ ಮತ್ತೆ. ಗುಂಪಿನ ದೃಶ್ಯಕ್ಕೆ ಊರಿನವರೇ. ದಡದಲ್ಲಿರುವ ಹಳೆಯ ಹಬೆ ಬಚ್ಚಲು ಅವರಿಗೆ ಬಹಳ ಹಿಡಿಸಿದೆ. ಯಾರದೆಂದು ಅವರಿಗೆ ಗೊತ್ತಿಲ್ಲ.

ನಾಚಿಕೆಯಾಗುತ್ತಿದೆ. ಆದರೂ ಹನ್ನೊಂದು ವರ್ಷ ಕಾದವನು ನಾನು. ಅಲ್ಲದೆ ಅವಳು ನಿಜವಾಗಿಯೂ ಹೇಳಿದ್ದರೆ, ನಾನು ಮಾಡಿದ ಅನ್ಯಾಯವಾದರೂ ಏನು?

ವಾಲ್ಯಾ


ತಿಖೋಜೆರ್ಸ್ಕ
2 ಜೂನ್

ವಾಲ್ಯಾ,

ಇದನ್ನು ಅಂಚೆಗೆ ಹಾಕುತ್ತಿಲ್ಲ. ಮರದ ದಿಮ್ಮಿ ಸಾಗಿಸುವ ಲಾರಿಯವನ ಕೈಯಲ್ಲಿ ಕಳಿಸುತ್ತಿದ್ದೇನೆ. ಓದಿ ಒಲೆಗೆ ಹಾಕು.

ಸಾಯುವಾಗ ಅಮ್ಮ ನನ್ನಿಂದ ಮಾತು ತೆಗೆದುಕೊಂಡಿದ್ದಳು. ಇವತ್ತು ಮುರಿಯುತ್ತಿದ್ದೇನೆ.

ಅಪ್ಪನೂ ಇನ್ನಿಬ್ಬರೂ ಗಂಟೆ ಮುಳುಗಿಸಿ ಬಂದ ಬೆಳಿಗ್ಗೆ, ಅದನ್ನು ಹೇಗೆ ಮಾಡಿದೆವೆಂದು ಅಪ್ಪ ಅಮ್ಮನಿಗೆ ಪಿಸುಮಾತಿನಲ್ಲಿ ತೋರಿಸಿದ. ಗಡಿಗೆಗೆ ದಾರ ಕಟ್ಟಿ, ಉಸ್ತಿನ್ಯಾಳ ಬಚ್ಚಲಿನ ಎದುರು, ಹೀಗೆ ಮೆಲ್ಲಗೆ, ಹೀಗೆ ಅಂತ. ದೊಡ್ಡ ಇಟ್ಟಿಗೆ ಒಲೆಯ ಮೇಲಿನ ಬೆಚ್ಚಗಿನ ಹಾಸಿಗೆಯಲ್ಲಿ ನೀನು ಮಲಗಿದ್ದೀಯ ಎಂದುಕೊಂಡಿದ್ದರು. ನಿನಗೆ ಎಚ್ಚರವಿತ್ತು.

ವಾರದ ಮೇಲೆ ಗಂಟೆ ಹುಡುಕಲು ಜಿಲ್ಲೆಯಿಂದ ಮೂವರು ಅಧಿಕಾರಿಗಳು ಬಂದರು. ಊರನ್ನೆಲ್ಲ ಕೇಳಿ ಸೋತು, ನಮ್ಮಲ್ಲಿ ದೊಡ್ಡ ಮೇಜಿದೆ ಎಂದು ಊಟಕ್ಕೆ ನಮ್ಮ ಮನೆಗೇ ಬಂದು ಕೂತರು. ಅಪ್ಪ ಕಟ್ಟಿಗೆಗೆ ಹೋಗಿದ್ದ. ಅಮ್ಮ ಕೊಟ್ಟಿಗೆಯಲ್ಲಿದ್ದಳು. ನಾನು ಎಲೆಕೋಸಿನ ಸಾರು ಬಡಿಸುತ್ತಿದ್ದೆ. ನೀನು ಬಟ್ಟೆ ಒಗೆಯುವ ತೊಟ್ಟಿಯ ಪಕ್ಕ ಕೂತು, ಕಬ್ಬಿಣದ ಗಡಿಗೆಗೆ ದಾರ ಕಟ್ಟಿ ನೀರಿಗೆ ಇಳಿಬಿಡುತ್ತಿದ್ದೆ. ಅಂಚಿನಲ್ಲಿ ಒಂದು ಲೋಟ ಬೋರಲು ಹಾಕಿದ್ದೆ.

ಅವರಲ್ಲೊಬ್ಬ ನಗುತ್ತಾ, "ಏನ್ ಮರಿ ಆಟ?" ಎಂದ.

"ಇದು ಗಂಟೆ. ಸದ್ದು ಮಾಡಂಗಿಲ್ಲ, ನಿದ್ದೆ ಮಾಡ್ತದೆ" ಎಂದೆ ನೀನು.

"ಹೌದಾ? ಈ ಲೋಟ ಯಾವ ಮನೆ?"

"ಉಸ್ತಿನ್ಯಾ ಅತ್ತೆ ಬಚ್ಚಲು."

ಮೂವರೂ ಚಪ್ಪಾಳೆ ತಟ್ಟಿದರು. ಇನ್ನೊಂದ್ಸಲ ಆಡು ಎಂದರು. ನೀನು ಇನ್ನೊಂದು ಸಲ ಆಡಿದೆ.

ನಿನ್ನ ಮೊಟ್ಟಮೊದಲ ನೆನಪು ಅದು, ವಾಲ್ಯಾ. ಅವರು ಅಪ್ಪನ ಸ್ನೇಹಿತರಲ್ಲ.

ನಾನು ಸೌಟು ಹಿಡಿದು ನಿಂತೇ ಇದ್ದೆ. ತೊಟ್ಟಿಯನ್ನು ಒದ್ದು ಮಗುಚಬಹುದಿತ್ತು, ನಿನ್ನನ್ನು ಎತ್ತಿಕೊಂಡು ಓಡಬಹುದಿತ್ತು. ಎರಡೂ ಮಾಡಲಿಲ್ಲ. ಮಾರನೆಯ ಬೆಳಿಗ್ಗೆ ನೇರವಾಗಿ ಬಚ್ಚಲಿನ ಎದುರೇ ಮಂಜು ಕೊರೆದರು. ಊರು ಉಸ್ತಿನ್ಯಾಳ ಮೇಲೆ ಬಿತ್ತು. ಆಗ ಅಮ್ಮ ಒಂದು ಮಾತು ಅಂದಳು: "ಅವಳಿಗೆ ಮಕ್ಕಳಿಲ್ಲ, ಮರಿ ಇಲ್ಲ. ಹೊರಲಿ ಬಿಡು. ಇವನು ಇನ್ನೂ ಬದುಕಬೇಕು." ನಾನು ಹೂಂ ಎಂದೆ.

ನೀನು ಮಗುವಾಗಿದ್ದೆ, ನಿನ್ನದೇನೂ ತಪ್ಪಿಲ್ಲ. ತಪ್ಪು ನಮ್ಮಿಬ್ಬರದು. ನೀನು ಪ್ರತಿಸಲ ಕಾಗದ ಬರೆದಾಗಲೂ ಇವನಿಗೆ ನೆನಪಾಯಿತೇನೋ ಎಂದು ರಾತ್ರಿಯವರೆಗೂ ಒಡೆಯದೆ ಇಟ್ಟುಕೊಳ್ಳುತ್ತಿದ್ದೆ. ಈಗ ನೀನೇ ಅವಳನ್ನು ಎರಡನೆಯ ಸಲ ಗುಂಡಿಗೆ ತಳ್ಳಲು ಹೊರಟಿದ್ದೀಯ, ಅದಕ್ಕೆ ಬರೆದೆ.

ಗ್ಲಾಷಾ


ರೈಲಿನಲ್ಲಿ
27 ಜೂನ್

ಅಕ್ಕ,

ನಿನ್ನೆ ಊರಿಗೆ ಬಂದಿದ್ದೆ, ನಿನ್ನನ್ನು ನೋಡದೆ ಹೋಗುತ್ತಿದ್ದೇನೆ. ನಿನ್ನ ಮುಖ ನೋಡುವ ಧೈರ್ಯ ಇನ್ನೂ ಬಂದಿಲ್ಲ. ಸಿಟ್ಟೂ ಇದೆ, ಸುಳ್ಳು ಹೇಳುವುದಿಲ್ಲ. ನಲವತ್ತನಾಲ್ಕು ವರ್ಷ ನನ್ನನ್ನು ಮಗುವಾಗಿಯೇ ಇಟ್ಟಿರಿ.

ಚಿತ್ರಕಥೆ ವಾಪಸು ತೆಗೆದುಕೊಂಡೆ. ಮೊದಲು ಹೊಸ ದೃಶ್ಯ ಬರೆದುಕೊಟ್ಟು ನೋಡಿದೆ: ಹೇಳುವವಳು ವಿಧವೆಯಲ್ಲ, ಆಟವಾಡುವ ಒಂದು ಮಗು. "ಮಗು ದ್ರೋಹ ಮಾಡುತ್ತಾ? ಹುಚ್ಚಾ ನಿಂಗೆ?" ಎಂದರು. ಹಾಗಾದರೆ ನನ್ನ ಕಥೆ ನನಗೆ ಕೊಡಿ ಎಂದೆ. ಇನ್ನು ಮುಂದೆ ಆ ಬಾಗಿಲು ನನಗೆ ತೆರೆಯುವುದಿಲ್ಲ. ರೈಲು ಹಳಿ ದಾಟುವ ಬಗೆಯನ್ನು ಇನ್ನಾರೋ ಬರೆಯಲಿ.

ಉಸ್ತಿನ್ಯಾಳ ಮನೆಗೆ ಹೋದೆ. ಅಕ್ಕ, ನನಗೆ ಬರುವುದು ಒಂದೇ ವಿದ್ಯೆ. ಅವಳ ನೀರಿನ ತೊಟ್ಟಿಯ ಮುಂದೆ ಮಂಡಿಯೂರಿ ಕೂತೆ. ಗಡಿಗೆ ಕೇಳಿದೆ, ದಾರ ಕೇಳಿದೆ. ಒಂದು ಲೋಟ ಬೋರಲು ಹಾಕಿ, ಗಡಿಗೆಯನ್ನು ಇಳಿಬಿಟ್ಟೆ. ಅವಳು ಬೆಂಚಿನ ಮೇಲೆ ಕೂತು, ಕೈ ಮಡಿಲಲ್ಲಿಟ್ಟುಕೊಂಡು ನೋಡಿದಳು.

"ಆವಾಗ್ಲೂ ಹಿಂಗೇ ನಾಲಗೆ ಹೊರಗಿಟ್ಕೊಂಡು ಆಡ್ತಿದ್ದೆ" ಎಂದಳು.

ದಾರ ಬಿಟ್ಟು ಅವಳತ್ತ ತಿರುಗಿದೆ. "ನಿಮಗೆ ಗೊತ್ತಿತ್ತಾ?"

"ನಿಮ್ಮನೆಗೆ ಹುಳಿಹಿಟ್ಟು ಕೇಳೋಕೆ ಬಂದಿದ್ದೆ ಕಣೋ. ಕಿಟಕೀಲಿ ಕಂಡೆ. ಚಪ್ಪಾಳೆ ತಟ್ಟಿದ್ದೂ ಕೇಳ್ತು."

"ಮತ್ತೆ ಯಾಕೆ ಹೇಳ್ಲಿಲ್ಲ?"

"ಯಾರಿಗ್ ಹೇಳ್ಲಿ? ಮೂರು ಗಂಡಸ್ರನ್ನ ಕಳ್ಕೊಂಡ ಊರು, ಹಲ್ಲು ಕಡೀತಾ ಕೂತಿತ್ತು. ಐದು ವರ್ಷದ ಕೂಸನ್ನ ಅದ್ರ ಬಾಯಿಗೆ ಹಾಕ್ಲಾ? ನಂದೇನು, ಬೆನ್ನು ಗಟ್ಟಿ ಇತ್ತು. ಎರಡ್ಮೂರು ವರ್ಷ ಅಂದ್ಕೊಂಡೆ. ಇಷ್ಟು ದಿನ ಎಳೀತಾರೆ ಅಂತ ಯಾರಿಗ್ ಗೊತ್ತಿತ್ತು."

ಅತ್ತೆ, ನಾನೇನು ಮಾಡಬೇಕು ಹೇಳಿ ಎಂದೆ. "ಅಂಗಡೀಲಿ ಹೇಳ್ತೀಯಾ?" ಎಂದಳು. ಅಷ್ಟೇ ಕೇಳಿದ್ದು.

ಇವತ್ತು ಬೆಳಿಗ್ಗೆ ರೊಟ್ಟಿ ಅಂಗಡಿ ತೆರೆಯುವ ಹೊತ್ತಿಗೆ ಹೋದೆ. ಹತ್ತು ಹದಿನೈದು ಹೆಂಗಸರು ಸಾಲಿನಲ್ಲಿದ್ದರು. ಎಲ್ಲರ ಮುಂದೆ ನಿಂತು ಹೇಳಿದೆ: ನಾನು ಗಂಟೆ ಬಾರಿಸುವ ನಿಕಿಫೊರನ ಮಗ, 1930ರಲ್ಲಿ ಗಂಟೆಯ ಜಾಗ ತೋರಿಸಿದ್ದು ನಾನು, ಹೀಗೆ ಹೀಗೆ ಆಯಿತು ಅಂತ. ಅಂಗಡಿಯವಳು ನನ್ನನ್ನೇ ನೋಡುತ್ತಿದ್ದವಳು ಕೊನೆಗೆ, "ರೊಟ್ಟಿ ಎಷ್ಟು ಬೇಕು?" ಎಂದಳು. ಒಂದು ತೆಗೆದುಕೊಂಡೆ. ಅದೇ ಈಗ ನನ್ನ ಮುಂದಿದೆ, ತಿನ್ನಲಾಗುತ್ತಿಲ್ಲ.

ವಾಲ್ಯಾ


ತಿಖೋಜೆರ್ಸ್ಕ
14 ಜುಲೈ

ನನ್ನ ವಾಲ್ಯಾ,

ನೀನು ಬಂದುಹೋದದ್ದನ್ನು ಹನ್ನೆರಡು ಬಾಯಿಂದ ಹನ್ನೆರಡು ಥರ ಕೇಳಿದೆ. ನಿನ್ನದು ಹದಿಮೂರನೆಯದು.

ಊರಿನ ಸುದ್ದಿ ಹೇಳುತ್ತೇನೆ. ಮೊದಲ ವಾರ ಏನೂ ಆಗಲಿಲ್ಲ. ಜನರಿಗೆ ನಂಬಿಕೆ ಬರಲಿಲ್ಲ. ಆ ಮುದುಕಿ ನಿನಗೇನೋ ಕೊಟ್ಟು ಹೀಗೆ ಹೇಳಿಸಿದಳು ಎಂದು ಕೆಲವರು, ನಿನಗೆ ಲೆನಿನ್‌ಗ್ರಾಡಿನಲ್ಲಿ ತಲೆ ಕೆಟ್ಟಿದೆ ಎಂದು ಕೆಲವರು. ನನ್ನನ್ನು ಯಾರೂ ಏನೂ ಕೇಳಲಿಲ್ಲ, ಬರೀ ನೋಡುತ್ತಿದ್ದರು. ಅವರು ನೋಡುತ್ತಿದ್ದದ್ದು ಸರಿಯೇ. ನಿನಗೆ ಬರೆದಾಗ ಒಂದು ಮಾತು ಬಿಟ್ಟಿದ್ದೆ, ಈಗ ಬರೆಯುತ್ತೇನೆ. ಸಾಲಿನಲ್ಲಿ ಅವಳ ಹಿಂದೆ ಜಾಗ ಬಿಟ್ಟು ನಿಲ್ಲುತ್ತಿದ್ದವರಲ್ಲಿ ನಾನೂ ಒಬ್ಬಳು. ಎಲ್ಲ ಗೊತ್ತಿದ್ದೂ, ಇಷ್ಟು ವರ್ಷವೂ ಹಾಗೇ ನಿಂತೆ. ನಾನೊಬ್ಬಳು ಹತ್ತಿರ ನಿಂತರೆ ಯಾಕೆಂದು ಕೇಳುತ್ತಾರಲ್ಲ ಎಂಬ ಭಯ.

ನಿನ್ನೆ ಶನಿವಾರ. ಸಾಲು ಬಾಗಿಲಾಚೆಗೂ ಇತ್ತು. ಉಸ್ತಿನ್ಯಾ ಮಧ್ಯದಲ್ಲಿದ್ದಳು, ಹಿಂದೆ ಎಂದಿನ ಹಾಗೆ ಖಾಲಿ ಜಾಗ. ನಾನು ಹೋಗಿ ಆ ಜಾಗದಲ್ಲಿ ನಿಂತೆ. ನನ್ನ ಕೈಚೀಲ ಅವಳ ಬೆನ್ನಿಗೆ ತಾಗುವಷ್ಟು ಹತ್ತಿರ. ಅವಳು ತಿರುಗಿ ನೋಡಲಿಲ್ಲ, ಭುಜ ಮಾತ್ರ ಬಿಗಿಯಾಯಿತು. ನನ್ನ ಹಿಂದೆ ಇದ್ದ ಅಂಚೆಯವಳು, ನಮ್ಮ ಕಾಗದ ಒಡೆಯುತ್ತಾಳೆಂದು ನಾನು ಅನುಮಾನಿಸಿದವಳೇ, ಒಂದು ಹೆಜ್ಜೆ ಮುಂದೆ ಬಂದಳು. ಅವಳ ಹಿಂದಿನವಳೂ ಬಂದಳು. ಆಮೇಲೆ ಹೊರಗಿದ್ದವರೆಲ್ಲ ಒಳಗೆ ಜಾಗವಾಯಿತೆಂದು ಒಟ್ಟಿಗೇ ನುಗ್ಗಿದರು. ನಾನು ಮುಗ್ಗರಿಸಿ ಅವಳ ಬೆನ್ನಿಗೆ ಒರಗಿಬಿಟ್ಟೆ.

"ತಳ್ಬೇಡ್ರೇ ಮಾರಾಯ್ತಿಯರೇ, ರೊಟ್ಟಿ ಎಲ್ಲಾರ್ಗೂ ಇದೆ" ಎಂದು ಗದರಿದಳು ಉಸ್ತಿನ್ಯಾ.

ಅಷ್ಟು ಗಟ್ಟಿ ದನಿ ಅವಳಿಗಿದೆಯೆಂದು ನಮಗೆ ಯಾರಿಗೂ ಗೊತ್ತಿರಲಿಲ್ಲ. ಹೊರಗೆ ಬಂದು ಇನ್ನೂ ಗೊಣಗುತ್ತಿದ್ದಳು, ಬೆನ್ನು ಮುರಿದುಹಾಕಿದಿರಿ ಅಂತ. ಗೊಣಗುತ್ತಲೇ ರೊಟ್ಟಿಯ ತುದಿ ಮುರಿದು ನನ್ನ ಕೈಗೆ ಕೊಟ್ಟಳು. ತೆಗೆದುಕೊಂಡು ತಿಂದೆ.

ಆಗಸ್ಟಿನಲ್ಲಿ ಬಾ. ನಮ್ಮನೆಗೇ ಬಾ.

ನಿನ್ನ ಅಕ್ಕ
ಗ್ಲಾಷಾ